ಎರವಲು ಎತ್ತಿನ ಮೈಬಿಸಿ

ಕಂಡದ್ದಕ್ಕಿಂತ ಕಾಣದೆ ಹೋದದ್ದೇ ಮನುಷ್ಯಕುಲವನ್ನು ಹೆಚ್ಚು ದುಡಿಸಿದೆ. ಮಣ್ಣಲ್ಲಿ ಹೂತ ನಗರಗಳು, ದಿಕ್ಕು ಬದಲಿಸಿದ ನದಿಗಳು, ಓದುವವರಿಲ್ಲದೆ ಮೂಕವಾದ ಲಿಪಿಗಳು, ಇವುಗಳ ಬೆನ್ನು ಹತ್ತಿ ಎಷ್ಟೋ ಮಹನೀಯರು ಆಯುಷ್ಯವನ್ನೇ ತೇಯ್ದಿದ್ದಾರೆ. ನಮ್ಮ ಮನೆಯಲ್ಲಿ ಕಾಣದೆ ಹೋದದ್ದು ಟೀವಿಯ ಬಲಬದಿಯ ಮೇಲ್ಮೂಲೆಯಲ್ಲಿದ್ದ, ಕಡಲೆಕಾಳು ಗಾತ್ರದ, ಹಸಿರು ಬಣ್ಣದ ಒಂದು ಅಂಕಿ.

ಪ್ರೌಢಶಾಲೆಯಲ್ಲಿ ಇತಿಹಾಸ ಬೋಧಿಸಿ ನಿವೃತ್ತನಾದ ನನಗೂ ಆ ಅಂಕಿಗೂ ಏನು ಸಂಬಂಧ ಎಂದು ನೀವು ಕೇಳಬಹುದು. ನಾನೂ ಮೊದಮೊದಲು ಹಾಗೆಯೇ ಕೇಳಿಕೊಂಡೆ. ನನ್ನ ಮಗಳು ಚೈತ್ರ ಮನೆಗಳ ಒಳವಿನ್ಯಾಸ ಮಾಡುವವಳು. ಇನ್ನೂ ಕಟ್ಟದ ಮನೆಯ ಸೋಫಾದ ಮೇಲೆ ಇನ್ನೂ ಹುಟ್ಟದ ಬಿಸಿಲು ಹೇಗೆ ಬೀಳುತ್ತದೆಂಬುದನ್ನು ಕಂಪ್ಯೂಟರಿನಲ್ಲಿ ಬರೆದು ತೋರಿಸಿ ಅನ್ನ ಸಂಪಾದಿಸುತ್ತಾಳೆ. ಅಂಥ ಕೆಲಸಕ್ಕೆ ಆಟವಾಡುವವರು ಇಟ್ಟುಕೊಳ್ಳುವಂಥ ಗಟ್ಟಿ ಯಂತ್ರವೇ ಬೇಕಂತೆ. ಅದರ ಹೊಟ್ಟೆಯಲ್ಲಿ ಗ್ರಾಫಿಕ್ಸ್ ಕಾರ್ಡ್ ಎಂಬ ಭಾಗವಿದೆ. ಚಿತ್ರ ಬರೆಯುವುದು ಅದರ ಧರ್ಮ. ಬರೆಯುತ್ತ ಬರೆಯುತ್ತ ಕಾಯುವುದು ಅದರ ಕರ್ಮ. ಅದು ಎಷ್ಟು ಕಾದಿದೆ ಎಂಬುದನ್ನು ನಡೆಯುತ್ತಿರುವ ಆಟದ ಮೇಲೆಯೇ, ಹಾಲಿನ ಮೇಲೆ ಕೆನೆ ನಿಂತಂತೆ, ತೆಳುವಾದೊಂದು ಪದರದಲ್ಲಿ ತೋರಿಸುವ ತಂತ್ರಾಂಶವೂ ಅದರ ಜೊತೆಗೇ ಬರುತ್ತದೆ. ಆ ಪದರಕ್ಕೆ ಓವರ್‌ಲೇ ಎಂದು ಹೆಸರು. ಅರವತ್ತೆಂಟು ಎಂದು ಮೂಲೆಯಲ್ಲಿ ಬಂದರೆ ಕಾರ್ಡು ಅರವತ್ತೆಂಟು ಡಿಗ್ರಿ ಕಾದಿದೆ ಎಂದರ್ಥ. ಲೋಕದಲ್ಲಿ ಇದನ್ನು ನೋಡುವವರು ಹುಡುಗರು, ನೋಡಿ ಹೆಮ್ಮೆಪಡುವವರೂ ಹುಡುಗರು. ನಮ್ಮ ಮನೆಯಲ್ಲಿ ಅದನ್ನು ನೋಡುತ್ತಿದ್ದವನು ನನ್ನ ಅಣ್ಣ ನಂಜಪ್ಪ, ಎಪ್ಪತ್ತು ದಾಟಿದವನು.

ನಮ್ಮದು ಬೆಂಗಳೂರಿನ ಸಾರಕ್ಕಿಯ ಹಳೇ ಊರಿನ ಮನೆತನ. ಜೆ.ಪಿ. ನಗರ ಎಂಬ ಹೆಸರು ಹುಟ್ಟುವುದಕ್ಕೆ ಮುಂಚೆ ಇಲ್ಲಿ ರಾಗಿ ಬೆಳೆದವರ ಪೈಕಿ ನಾವೂ ಒಬ್ಬರು. ಅಣ್ಣ ಉತ್ತ ಹೊಲದ ಮೇಲೆ ಈಗ ಒಂದು ಚಾಟ್ ಅಂಗಡಿಯೂ ಅದರ ಪಕ್ಕಕ್ಕೇ ಒಂದು ಹಲ್ಲಿನ ಆಸ್ಪತ್ರೆಯೂ ಇದ್ದು, ಒಂದಕ್ಕೊಂದು ಆಧಾರವಾಗಿ ಚೆನ್ನಾಗಿಯೇ ನಡೆಯುತ್ತಿವೆ. ಈ ಬಗ್ಗೆ ನಿಟ್ಟುಸಿರು ಬಿಡುವ ಅಭ್ಯಾಸ ನಮ್ಮ ಮನೆಯಲ್ಲಿ ಯಾರಿಗೂ ಇಲ್ಲ. ಬಾಡಿಗೆ ಬರುತ್ತದೆ, ಉಣ್ಣುತ್ತೇವೆ. ನಾನು, ನನ್ನ ಮಗಳು, ಅಣ್ಣ, ಅತ್ತಿಗೆ, ನಾಲ್ವರೂ ಕೆಳಗಿನ ಮನೆಯಲ್ಲಿದ್ದೇವೆ. ಮೇಲಿನ ಮನೆಯಲ್ಲಿ ಬಾಗಲಕೋಟೆ ಕಡೆಯ ಈರಣ್ಣ ಎಂಬ ಬಾಡಿಗೆದಾರ, ಬೊಮ್ಮನಹಳ್ಳಿಯ ಯಾವುದೋ ಆಫೀಸಿನಲ್ಲಿ ಕೆಲಸ, ಮನೆಯಲ್ಲಿ ಕಂಪ್ಯೂಟರ್ ಆಟಗಳ ಹುಚ್ಚು.

ಹೋದ ವರ್ಷ ಅಣ್ಣನಿಗೆ ಲಕ್ವ ಹೊಡೆಯಿತು. ಪ್ರಾಣ ಉಳಿಯಿತು, ಮಾತು ಉಳಿಯಿತು, ಬೈಗುಳವಂತೂ ಒಂದಕ್ಷರ ಸವೆಯದೆ ಉಳಿಯಿತು. ಬಲಗೈ ಮಾತ್ರ ಮಡಿಲಲ್ಲಿ ಮಲಗಿಬಿಟ್ಟಿತು. ಮನೆಗೆ ಬಂದು ವ್ಯಾಯಾಮ ಮಾಡಿಸುತ್ತಿದ್ದ ಫಿಸಿಯೋಥೆರಪಿಯ ಹೆಣ್ಣುಮಗಳು ಕೈಗೊಂದು ರಬ್ಬರ್ ಚೆಂಡು ಕೊಟ್ಟು ಹಿಸುಕಿ ಎಂದರು. ಅಣ್ಣ ಅದನ್ನು ಎಡಗೈಯಿಂದ ಎತ್ತಿ, ಹಣ್ಣಾಗದ ಸೀಬೆಕಾಯಿಯನ್ನು ನೋಡುವಂತೆ ನೋಡಿ, ಪಕ್ಕಕ್ಕಿಟ್ಟ. ಆಕೆ ನನ್ನನ್ನು ಗೇಟಿನ ಬಳಿ ಕರೆದು ಮುಚ್ಚುಮರೆಯಿಲ್ಲದೆ ಹೇಳಿದರು: "ಸಾರ್, ಕೈ ವಾಪಸ್ ಬರೋದಿದ್ರೆ ಈ ಕೆಲವು ತಿಂಗಳಲ್ಲೇ ಬರ್ಬೇಕು. ದಿನಾ ಕೆಲಸ ಮಾಡಿದ್ರೆ ಬರುತ್ತೆ. ಇಲ್ದಿದ್ರೆ ಹೀಗೇ ನಿಂತುಬಿಡುತ್ತೆ. ಅವರಿಗೆ ಇಷ್ಟ ಆಗೋ ಕೆಲಸ ಏನಾದ್ರೂ ಹುಡುಕಿ."

ಹುಡುಕಿದವನು ಈರಣ್ಣ. ಆಟಕ್ಕೆಂದೇ ಮಾಡಿದ ಒಂದು ಸ್ಟಿಯರಿಂಗ್ ಚಕ್ರ ಅವನಲ್ಲಿತ್ತು, ಟ್ರ್ಯಾಕ್ಟರ್ ಓಡಿಸಿ ಹೊಲ ಉಳುವ ಆಟವೊಂದು ಗೊತ್ತಿತ್ತು. ಚೈತ್ರ ತನ್ನ ದೊಡ್ಡ ಯಂತ್ರವನ್ನು ಹಾಲಿಗೆ ತಂದು ಟೀವಿಗೆ ಜೋಡಿಸಿ, ತಾನು ಬೆಳಗಿನ ಹೊತ್ತು ಸಣ್ಣ ಲ್ಯಾಪ್‌ಟಾಪಿನಲ್ಲಿ ತಿಣುಕತೊಡಗಿದಳು. ಮೊದಲ ದಿನ ಅಣ್ಣ ತೆರೆಯ ಮೇಲಿನ ಹೊಲವನ್ನು ಬಹಳ ಹೊತ್ತು ಪರಾಂಬರಿಸಿದ. ಯಾವುದೋ ಶೀತದೇಶದ ಹೊಲ. ಬದುವಿಲ್ಲ, ಬೇವಿನ ಮರವಿಲ್ಲ.

"ರಾಗಿ ಇಲ್ವಾ ಇದ್ರಲ್ಲಿ?"

"ರಾಗಿ ಇಲ್ರಿ ಕಾಕಾ. ಆದ್ರ ಜ್ವಾಳ ಐತ್ರಿ! ಜ್ವಾಳ ಬಿತ್ರಿ, ಸುಗ್ಗಿಗೆ ನಮ್ಮವ್ವನ್ನ ಕರಸ್ತೇನಿ ರೊಟ್ಟಿ ಬಡಿಯಾಕ."

"ನಿಮ್ ಜ್ವಾಳ ನೀವೇ ತಿನ್ಕಳಿ. ಬಿತ್ತೋದು ಬಿತ್ತಿಕೊಡ್ತೀನಿ" ಎಂದು ಅಣ್ಣ, ಮಲಗಿದ್ದ ಬಲಗೈಯನ್ನು ಎಡಗೈಯಿಂದ ಎತ್ತಿ ಚಕ್ರದ ಮೇಲೆ ಕೂರಿಸಿದ.

ಅಲ್ಲಿಂದಾಚೆಗೆ ನಮ್ಮ ಹಾಲಿನಲ್ಲಿ ಕೃಷಿ ಆರಂಭವಾಯಿತು. ಸಾಲು ನೇರ ಬರಬೇಕೆಂಬುದು ಅಣ್ಣನ ರಕ್ತದಲ್ಲಿದ್ದದ್ದು. ಎಡಗೈ ಒಂದೇ ತಿರುಗಿಸಿದರೆ ಸಾಲು ಹಾವಾಗುತ್ತಿತ್ತು. ಆದ್ದರಿಂದ ಬಲಗೈ ವಿಧಿಯಿಲ್ಲದೆ ಎಚ್ಚರವಾಗತೊಡಗಿತು. ಮೊದಲು ಹೆಬ್ಬೆರಳು, ಆಮೇಲೆ ಮಣಿಕಟ್ಟು. ಫಿಸಿಯೋಥೆರಪಿಯ ತಾಯಿ ಬಂದು ನೋಡಿ, ತಾವು ಓದಿದ್ದೆಲ್ಲ ಸಾರ್ಥಕವಾಯಿತೆಂಬ ಮುಖ ಮಾಡಿ, ಒಂದು ಲೋಟ ಕಾಫಿಯನ್ನು ಹೆಚ್ಚಿಗೆ ಕುಡಿದು ಹೋದರು.

ಇದರ ನಡುವೆ ಅಣ್ಣ ತಾನಾಗಿಯೇ ಒಂದು ಪದ್ಧತಿ ರೂಢಿಸಿಕೊಂಡಿದ್ದ. ಮೂಲೆಯ ಹಸಿರು ಅಂಕಿ ಏನೆಂದು ಚೈತ್ರಳನ್ನು ಕೇಳಿ ತಿಳಿದುಕೊಂಡ ದಿನದಿಂದ, ಅದು ಎಪ್ಪತ್ತೈದು ದಾಟಿತೆಂದರೆ ಟ್ರ್ಯಾಕ್ಟರನ್ನು ತೆರೆಯೊಳಗಿನ ಯಾವುದಾದರೂ ಮರದ ನೆರಳಿಗೆ ಕೊಂಡೊಯ್ದು ನಿಲ್ಲಿಸಿ, ಆಟ ನಿಲ್ಲಿಸಿ, ತಾನೂ ಕುರ್ಚಿಗೆ ಒರಗಿ ಕಿಟಕಿಯಾಚೆ ನೋಡುತ್ತ ಕೂರುತ್ತಿದ್ದ. ಅಂಕಿ ಇಳಿದ ಮೇಲೆಯೇ ಮುಂದಿನ ಸಾಲು. ಆ ನೆರಳು ಬರೀ ಚಿತ್ರ, ಅದರಿಂದ ಕಾರ್ಡು ತಣ್ಣಗಾಗುವುದಿಲ್ಲ ಎಂದು ನಾನು ವೈಜ್ಞಾನಿಕವಾಗಿ ವಿವರಿಸಿದಾಗ, "ಬಿಸಿಲಲ್ಲಿ ನಿಲ್ಸೋಕೆ ನಂಗೇನು ಬುದ್ಧಿ ಇಲ್ವಾ?" ಎಂದ. ವಿಜ್ಞಾನ ಅಲ್ಲಿಗೆ ಹಿಂದೆ ಸರಿಯಿತು.

ಹೀಗಿರುವಾಗ ಆ ಅಂಕಿ ಮಾಯವಾಯಿತು.

ಹಿಂದಿನ ದಿನವಷ್ಟೇ ಕಾರ್ಡಿನ ತಂತ್ರಾಂಶ ತನ್ನಷ್ಟಕ್ಕೆ ತಾನೇ ನವೀಕರಣಗೊಂಡಿತ್ತು. ಆದ್ದರಿಂದ ಅಪರಾಧಿ ಯಾರೆಂಬುದರಲ್ಲಿ ಯಾರಿಗೂ ಸಂಶಯವಿರಲಿಲ್ಲ. ಕಾಗೆ ಕೂತದ್ದಕ್ಕೂ ಕೊಂಬೆ ಮುರಿದದ್ದಕ್ಕೂ ಸಂಬಂಧ ಕಟ್ಟಬಾರದೆಂದು ಮೂರು ದಶಕ ಮಕ್ಕಳಿಗೆ ಉಪದೇಶಿಸಿದ ನಾನೇ, "ಅಪ್‌ಡೇಟ್ ಆಗಿದ್ದಕ್ಕೇ ಹೀಗಾಯ್ತು" ಎಂದು ಎಲ್ಲರಿಗಿಂತ ಮೊದಲು ಘೋಷಿಸಿದೆ. ಆಟವೇನೋ ಸುಸೂತ್ರವಾಗಿ ನಡೆಯುತ್ತಿತ್ತು. ಅಣ್ಣ ಮಾತ್ರ ಕೈ ತೆಗೆದುಬಿಟ್ಟ. ಅಂಕಿ ಬರುವವರೆಗೆ ಓಡಿಸುವುದಿಲ್ಲ ಎಂದ. ಬಲಗೈ ಮತ್ತೆ ಮಡಿಲಿಗೆ ಬಂದು ಮಲಗಿತು.

ಚೈತ್ರ ಮತ್ತು ಈರಣ್ಣ ಸೇರಿ ನಡೆಸಿದ ಚಿಕಿತ್ಸೆಯನ್ನು ನಾನು ಕಾಫಿ ಲೋಟ ಹಿಡಿದು ನಿಂತು ಸಾಕ್ಷೀಭೂತನಾಗಿ ಕಂಡಿದ್ದೇನೆ. ಮೊದಲು, ಅಂಕಿಯನ್ನು ಕರೆಯುವ ಕೀಲಿಗಳನ್ನು ಒಟ್ಟಿಗೆ ಒತ್ತಿ ನೋಡಿದರು, ಬರಲಿಲ್ಲ. ಆಟ ಮಾರುವ ಅಂಗಡಿಯ ತಂತ್ರಾಂಶಕ್ಕೂ ತನ್ನದೇ ಒಂದು ಪದರವಿದೆಯಂತೆ, ಗೆಳೆಯರು ಹರಟೆ ಹೊಡೆಯುವ ತಂತ್ರಾಂಶಕ್ಕೆ ಇನ್ನೊಂದು. ಒಂದು ಒರೆಯಲ್ಲಿ ಮೂರು ಕತ್ತಿಯಾದರೆ ಹೇಗೆಂದು ಉಳಿದೆರಡನ್ನೂ ಮುಚ್ಚಿದರು. ಆಮೇಲೆ, ಆಟ ತೆರೆಯನ್ನೆಲ್ಲ ತಾನೇ ಆಕ್ರಮಿಸಿಕೊಂಡಾಗ ಬೇರೆಯವರಿಗೆ ಮೇಲೆ ಕೂರಲು ಬಿಡುವುದಿಲ್ಲವೆಂದು, ಅದನ್ನು ಚೌಕಟ್ಟಿಲ್ಲದ ಕಿಟಕಿಯಾಗಿ ತೆರೆದರು. ಕೊನೆಗೆ ಡ್ರೈವರನ್ನೇ ತೆಗೆದು ಹೊಸದಾಗಿ ಹಾಕಬೇಕೆಂದು ತೀರ್ಮಾನವಾಯಿತು. ಕಾರ್ಡಿಗೂ ಕಂಪ್ಯೂಟರಿಗೂ ನಡುವೆ ದುಭಾಷಿಯಾಗಿರುವ ತಂತ್ರಾಂಶಕ್ಕೆ ಡ್ರೈವರ್ ಎನ್ನುತ್ತಾರೆಂಬುದು ಗೊತ್ತಿಲ್ಲದ ಅಣ್ಣ ಒಂದು ಮಧ್ಯಾಹ್ನ ಮುಖ ಊದಿಸಿಕೊಂಡಿದ್ದ. ಅಂತರಜಾಲದ ಚರ್ಚಾಕಟ್ಟೆಯೊಂದರಲ್ಲಿ ಪರದೇಶದ ಯಾರೋ ಪುಣ್ಯಾತ್ಮ ಇದೇ ಗೋಳನ್ನು ಅಕ್ಷರಶಃ ತೋಡಿಕೊಂಡಿದ್ದ. ಕೆಳಗೆ ಅವನೇ, "ಸರಿಹೋಯಿತು, ಎಲ್ಲರಿಗೂ ವಂದನೆ" ಎಂದು ಬರೆದು ಅಂತರ್ಧಾನನಾಗಿದ್ದ. ಹೇಗೆ ಸರಿಹೋಯಿತೆಂಬುದಿಲ್ಲ. ಶಾಸನಗಳಲ್ಲಿ ದಾನ ಕೊಟ್ಟವನ ಬಿರುದುಗಳೆಲ್ಲ ಉಳಿದು, ಕೊಟ್ಟದ್ದೇನೆಂಬ ಸಾಲೇ ಒಡೆದುಹೋಗಿರುವುದನ್ನು ಕಂಡವನಾದ್ದರಿಂದ ನನಗೇನೂ ಆಶ್ಚರ್ಯವಾಗಲಿಲ್ಲ.

ಆಶ್ಚರ್ಯವಾದದ್ದು ಬೇರೆ. ಚೈತ್ರ ಯಂತ್ರವನ್ನು ತನ್ನ ಕೋಣೆಗೆ ಒಯ್ದು ತನ್ನ ತೆರೆಗೆ ಜೋಡಿಸಿದರೆ ಅಂಕಿ ಹಲ್ಲು ಕಿರಿಯುತ್ತ ಹಾಜರ್. ಮತ್ತೆ ಹಾಲಿಗೆ ತಂದು ಟೀವಿಗೆ ಸಿಕ್ಕಿಸಿದರೆ ನಾಪತ್ತೆ.

"ಅಪ್ಪಾ, ನನ್ನ ರೂಮಲ್ಲಿ ಇದೆ, ಹಾಲಲ್ಲಿ ಇಲ್ಲ. ನಂಗೆ ತಲೆ ಕೆಟ್ಟೋಗ್ತಿದೆ."

"ಕಾಕಾ, ಅಂಕಿ ಇಲ್ಲಂದ್ರೂ ನಡೀತೈತ್ರಿ" ಎಂದು ಈರಣ್ಣ ಅಣ್ಣನ ಪಕ್ಕ ಕೂತು ರಮಿಸಿದ. "ಎಂಬತ್ತು ಡಿಗ್ರಿ ಆದ್ರೂ ತಡ್ಕೊಂತೈತಿ ಅದು. ಏನೂ ಆಗಂಗಿಲ್ಲ."

ಅಣ್ಣ ತಲೆಯಾಡಿಸಿದ. ಅಡುಗೆಮನೆಯ ಬಾಗಿಲಲ್ಲಿ ಸೊಪ್ಪು ಬಿಡಿಸುತ್ತ ಕೂತಿದ್ದ ಅತ್ತಿಗೆಗೆ ಸಹನೆ ತಪ್ಪಿತು. "ನೋಡಿ ಮೇಷ್ಟ್ರೇ" ಎಂದರು ನನಗೆ, ಗಂಡನಿಗೆ ಕೇಳಿಸುವಂತೆ. "ಇದ್ದ ಹೊಲ ಕೊಡೋವಾಗ ಇಷ್ಟು ಯೋಚ್ನೆ ಮಾಡ್ಲಿಲ್ಲ ನಿಮ್ಮಣ್ಣ. ಇಲ್ದಿರೋ ಹೊಲ ಉಳೋಕೆ ನೋಡಿ, ಎಷ್ಟು ನೇಮ!"

ನಾನೂ ಅವತ್ತು ಸ್ವಲ್ಪ ಗಟ್ಟಿಯಾಗಿಯೇ ಕೇಳಿದೆ: ಕೈ ಉಳಿಯುವ ಮಾತಿದು, ಒಂದು ಅಂಕಿಗಾಗಿ ಹಟವೇ ಎಂದು. ಅಣ್ಣ ಸಿಟ್ಟಾಗಲಿಲ್ಲ. ಬುದ್ಧಿ ಬೆಳೆಯದ ತಮ್ಮನಿಗೆ ಹೇಳುವ ದನಿಯಲ್ಲಿ ಹೇಳಿದ:

"ಎತ್ತಿನ್ ಮೈ ಮುಟ್ಟಿ ನೋಡ್ದೆ ಇನ್ನೊಂದ್ ಸಾಲು ಎಳಿಸ್ತಾರೇನ್ಲಾ? ನಮ್ಮೆತ್ತಾಗಿದ್ರೆ ಎಳಿಸ್ಬೋದು. ಇದು ಮಗೀದು. ಅನ್ನ ಕೊಡೋ ಮಿಸಿನ್ನು. ಎರವಲು ಎತ್ತು ಕಣ್ಲಾ."

ಓದುಗ ಮಿತ್ರರೇ, ಈ ಮಾತಿನ ತೂಕ ತಿಳಿಯಬೇಕಾದರೆ ನಮ್ಮ ಹಳೇ ಊರಿನ ಒಂದು ರಿವಾಜು ನಿಮಗೆ ಗೊತ್ತಿರಬೇಕು. ಹದ ತಪ್ಪುವ ಮೊದಲು ಉಳುಮೆ ಮುಗಿಯಬೇಕಾದಾಗ ಒಬ್ಬರ ಎತ್ತನ್ನು ಇನ್ನೊಬ್ಬರು ತರುವುದಿತ್ತು. ಹಾಗೆ ತಂದವನು ತನ್ನ ಎತ್ತಿಗಿಂತ ಮೊದಲು ಆ ಎತ್ತಿನ ನೊಗ ಇಳಿಸಬೇಕು, ತನ್ನದಕ್ಕಿಂತ ಮೊದಲು ಅದಕ್ಕೆ ನೀರು ತೋರಿಸಬೇಕು. ಪ್ರತಿ ಸಾಲಿನ ಕೊನೆಗೆ ಅದರ ಪಕ್ಕೆಯ ಮೇಲೆ ಅಂಗೈ ಇಟ್ಟು ಮೈಬಿಸಿ ನೋಡಬೇಕು. ಸಂಜೆ ಎತ್ತನ್ನು ಹಿಂದಿರುಗಿಸುವಾಗ ಒಡೆಯ ಏನೂ ಕೇಳುತ್ತಿರಲಿಲ್ಲ, ತಾನೂ ಒಮ್ಮೆ ಪಕ್ಕೆಯ ಮೇಲೆ ಕೈ ಇಟ್ಟು ಕಟ್ಟಿಹಾಕುತ್ತಿದ್ದ. ಅಷ್ಟೇ. ಊರಿನಲ್ಲಿ ಒಬ್ಬನ ಮರ್ಯಾದೆ ಆ ಅಂಗೈಯಷ್ಟು ಜಾಗದಲ್ಲಿ ತೀರ್ಮಾನವಾಗುತ್ತಿತ್ತು. ನಾನು ಶಾಲೆಗೆ ಹೋದವನು, ಈ ಪರೀಕ್ಷೆಗೆ ಕೂತವನಲ್ಲ. ಅಣ್ಣ ಕೂತಿದ್ದ, ಪ್ರತಿ ವರ್ಷವೂ.

ಎಂಬತ್ತು ಡಿಗ್ರಿಯಲ್ಲಿ ಆ ಕಾರ್ಡಿಗೆ ಏನೂ ಆಗುವುದಿಲ್ಲವೆಂಬ ಈರಣ್ಣನ ಮಾತು ಪೂರ್ತಿ ಸತ್ಯ. ಎಪ್ಪತ್ತೈದಕ್ಕೆ ನೊಗ ಇಳಿಸುವ ಅಣ್ಣನ ಲೆಕ್ಕ ಪೂರ್ತಿ ತಪ್ಪು. ಆದರೂ ಹೇಳುತ್ತೇನೆ, ಆ ತಪ್ಪನ್ನು ತಿದ್ದಲು ನಮ್ಮ ಮನೆಯಲ್ಲಿ ಯಾರೂ ಮತ್ತೆ ಹೋಗಲಿಲ್ಲ. ಚೈತ್ರ ಮಾತ್ರ, "ಕೆಟ್ರೆ ಕೆಡ್ಲಿ ಬಿಡಿ ದೊಡ್ಡಪ್ಪ, ನಿಮ್ಮ ಕೈಗಿಂತ ಹೆಚ್ಚಾ ಅದು" ಎಂದಳು. "ಕೆಡ್ಲಿ ಅನ್ಬಾರ್ದು ಮಗಾ" ಎಂದು ಅಣ್ಣ ಅವಳ ಯಂತ್ರದ ಕಡೆಯೇ ನೋಡಿದ, ಅದಕ್ಕೆ ಕೇಳಿಸಿತೇನೋ ಎಂಬಂತೆ. ಅವಳು ಎದ್ದು ಕೋಣೆಗೆ ಹೋಗಿ ಆ ಡ್ರೈವರನ್ನು ಮತ್ತೊಮ್ಮೆ ತೆಗೆದು ಮತ್ತೊಮ್ಮೆ ಹಾಕಿದಳು. ಅದರಿಂದ ಪ್ರಯೋಜನವಿಲ್ಲವೆಂದು ಅವಳಿಗೂ ಗೊತ್ತಿತ್ತು.

ಆ ದಿನಗಳಲ್ಲಿ ನಾನು ಈ ಪದರದ ವಿಚಾರವನ್ನು ಬಹಳ ಮೆಲುಕು ಹಾಕಿದೆ. ಎಷ್ಟು ವಿಚಿತ್ರ ನೋಡಿ: ಓಡುವವನಿಗೆ ತಾನೆಷ್ಟು ಕಾದಿದ್ದೇನೆಂಬುದು ಕಾಣುವುದಿಲ್ಲ, ಅದನ್ನು ಪಕ್ಕದಲ್ಲಿ ನಿಂತು ಇನ್ನೊಂದು ಹೇಳಬೇಕು, ಹೇಳುವಾಗಲೂ ನಡುವೆ ಬಂದು ಅಡ್ಡ ನಿಲ್ಲದೆ, ಮೂಲೆಯಲ್ಲಿ, ಸಣ್ಣಗೆ. ಅಣ್ಣನಿಗೆ ಲಕ್ವ ಹೊಡೆದ ಬೆಳಿಗ್ಗೆ ನಾವೆಲ್ಲ ಅವನೆದುರೇ ಕೂತಿದ್ದೆವು. ನಾನು ಪತ್ರಿಕೆ ಓದುತ್ತಿದ್ದೆ, ಅವನು ಯಾವುದೋ ಕೆರೆ ಒತ್ತುವರಿಯ ಬಗ್ಗೆ ಉಗ್ರವಾಗಿ ಭಾಷಣ ಮಾಡುತ್ತಿದ್ದ. ಅತ್ತಿಗೆ ಕಾಫಿ ಕೊಟ್ಟು ತಿರುಗಿದವರು ನಿಂತು ನೋಡಿದರು. ಕಾಫಿಯ ಒಂದು ಎಳೆ ಅಣ್ಣನ ತುಟಿಯ ಬಲತುದಿಯಿಂದ ಇಳಿಯುತ್ತಿತ್ತು, ಅವನು ಒರೆಸಿಕೊಳ್ಳುತ್ತಿರಲಿಲ್ಲ. "ಮೇಷ್ಟ್ರೇ, ಗಾಡಿ ಕರೀರಿ" ಎಂದರು ಅತ್ತಿಗೆ, ಅಷ್ಟೇ. ನಾನು ಯಾಕೆ ಎಂದು ಕೇಳುವಷ್ಟರಲ್ಲಿ ಚಪ್ಪಲಿ ಮೆಟ್ಟಿದ್ದರು. ಬೇಗ ಬಂದಿರಿ ಎಂದು ಆಸ್ಪತ್ರೆಯಲ್ಲಿ ಡಾಕ್ಟರು ನನ್ನ ಬೆನ್ನು ತಟ್ಟಿದರು. ತಟ್ಟಬೇಕಾದ ಬೆನ್ನು ಕಾರಿಡಾರಿನ ಬೆಂಚಿನ ಮೇಲೆ ಕೂತಿತ್ತು. ಮದುವೆಯಾದಂದಿನಿಂದ ಆಕೆ ಆ ಮುಖದ ಮೂಲೆಯನ್ನು ನೋಡುತ್ತಲೇ ಬಂದಿದ್ದಾರೆ, ನಾವ್ಯಾರೂ ಆಕೆ ನೋಡುವುದನ್ನು ನೋಡಿರಲಿಲ್ಲ.

ಇನ್ನು ಪರಿಹಾರದ ಮಾತು. ಅತ್ತಿಗೆ ಬೆಳಿಗ್ಗೆ ಟೀವಿಯಲ್ಲಿ ದೇವರ ಅಭಿಷೇಕ ನೋಡುತ್ತಾರೆ. ಅಂದು ನಾನೂ ಕೂತೆ. ಭಕ್ತಿಯಿಂದಲ್ಲ, ಪತ್ರಿಕೆಯವನು ಬಂದಿರಲಿಲ್ಲ. ಹಾಲು, ಮೊಸರು, ಜೇನು ಎಲ್ಲ ಆಗಿ ಅಲಂಕಾರಕ್ಕೆ ಬಂದಾಗ ನನಗೆ ಏನೋ ಕಸಿವಿಸಿಯಾಯಿತು. ದೇವರಿಗೆ ಕಿರೀಟ ತೊಡಿಸಿದರು. ಕಿರೀಟದ ತುದಿ ಕಾಣಲಿಲ್ಲ. ಪಾದಕ್ಕೆ ಹೂವಿಟ್ಟರು, ಪಾದ ಕಾಣಲಿಲ್ಲ.

"ಅತ್ತಿಗೆ, ಇದೇನು ದೇವರ ತಲೆ ಕತ್ತರಿಸಿಹೋಗಿದೆಯಲ್ಲ?"

"ಬಿಡ್ತು ಅನ್ನಿ!" ಎಂದು ಗದರಿ, ಆಮೇಲೆ ದನಿ ಇಳಿಸಿ ಹೇಳಿದರು. "ಕೆಳಗೆ ಪಟ್ಟಿ ಓಡ್ತಿತ್ತಲ್ಲ ಮೇಷ್ಟ್ರೇ. ಮೇಲೆ ಸ್ವಾಮಿಗೆ ಹಾಲು ಹುಯ್ಯೋದು, ಕೆಳಗೆ ಕೊಲೆ, ಸುಲಿಗೆ, ಅತ್ತೆನ ಕೊಂದ ಸೊಸೆ. ಮಂಗಳಾರತಿ ಹೊತ್ತಲ್ಲಿ ಅದನ್ನ ಓದ್ಬೇಕಾ? ಈರಣ್ಣಂಗೆ ಹೇಳ್ದೆ. ಚಿತ್ರ ದೊಡ್ದು ಮಾಡ್ಕೊಟ್ಟ, ಪಟ್ಟಿ ಕೆಳಕ್ಕೆ ಹೊಂಟೋಯ್ತು."

ಯಾವಾಗ ಎಂದು ಕೇಳಿದೆ. ಆ ಅಪ್‌ಡೇಟ್ ಆಯ್ತಲ್ಲ, ಅವತ್ತೇ ಎಂದರು.

ಆಫೀಸಿಗೆ ಹೊರಟು ಮೆಟ್ಟಿಲಿಳಿಯುತ್ತಿದ್ದ ಈರಣ್ಣನನ್ನು ತಡೆದು ನಿಲ್ಲಿಸಿದೆ. ಕಿರೀಟದ ಕಥೆ ಕೇಳಿ ಅವನು ಚಪ್ಪಲಿ ಬಿಟ್ಟು ಒಳಗೆ ಬಂದ. ಚಿತ್ರವನ್ನು ಹಿಗ್ಗಿಸಿದರೆ ಕೆಳಗಿನ ಪಟ್ಟಿಯಷ್ಟೇ ಅಲ್ಲ, ನಾಲ್ಕೂ ಅಂಚು ಹೊರಕ್ಕೆ ಜಾರುತ್ತವೆ. ಡಿಶ್ಶಿಗೆ ಮಾಡಿದ್ದು ಕಂಪ್ಯೂಟರಿಗೆ ಹೇಗೆ ತಗಲಿತೆಂಬುದಷ್ಟೇ ಉಳಿದ ಪ್ರಶ್ನೆ.

"ಅಯ್ಯ ಶಿವನ! ಎಲ್ಲಾದಕ್ಕೂ ಹಿಂಗ ಮಾಡ್ಲೇನು ಅಂತ ಟೀವಿ ಕೇಳ್ತರಿ ಸರ. ಹೂಂ ಅಂತ ಒತ್ತಿದಾಂವ ನಾನ ರೀ! ಊರೆಲ್ಲಾ ಹುಡಿಕ್ಯಾಡೇನಿ ನೋಡ್ರಿ."

ಅಂಕಿ ಎಲ್ಲಿಗೂ ಹೋಗಿರಲಿಲ್ಲ. ಅಷ್ಟು ದಿನವೂ ತನ್ನ ಜಾಗದಲ್ಲೇ ನಿಂತು, ಟೀವಿಯ ಚೌಕಟ್ಟಿನಾಚೆ, ಯಾರಿಗೂ ಕಾಣದೆ, ಕಾರ್ಡಿನ ಬಿಸಿಯನ್ನು ಪ್ರಾಮಾಣಿಕವಾಗಿ ವರದಿ ಮಾಡುತ್ತಲೇ ಇತ್ತು. ಆಟದ ಕೆಳಮೂಲೆಯ ಭೂಪಟದ ಅಂಚೂ ಕತ್ತರಿಸಿಹೋಗಿತ್ತು. ಅಣ್ಣನಿಗೆ ಭೂಪಟ ಬೇಕಿರಲಿಲ್ಲ; ಮಿಕ್ಕವರೆಲ್ಲ ಖಾಲಿಯಾದ ಮೂಲೆಯೊಂದನ್ನೇ ದಿಟ್ಟಿಸುತ್ತಿದ್ದೆವು. ನವೀಕರಣ ಪಾಪ ನಿರಪರಾಧಿ. ಅದರ ಮೇಲೆ ನಾನು ಹೊರಿಸಿದ್ದ ಆರೋಪವನ್ನು ಸಾರ್ವಜನಿಕವಾಗಿ ಹಿಂತೆಗೆದುಕೊಂಡೆ. ಸಾರ್ವಜನಿಕರೆಂದರೆ ಅಡುಗೆಮನೆಯಲ್ಲಿದ್ದ ಮೂವರು.

ಚೈತ್ರ ರಿಮೋಟ್ ಹಿಡಿದು ಚಿತ್ರವನ್ನು ಮೊದಲಿನ ಅಳತೆಗೆ ತಂದಳು. ಅಂಕಿ ಬಂತು. ಅದರ ಹಿಂದೆಯೇ ಅತ್ತಿಗೆಯೂ ಬಂದರು. ಹಾಗಾದರೆ ನಾಳೆ ಬೆಳಿಗ್ಗೆ ಸ್ವಾಮಿಯ ಕೆಳಗೆ ಮತ್ತೆ ಸೊಸೆ ಅತ್ತೆಯನ್ನು ಕೊಲ್ಲುವಳೇ ಎಂಬುದು ಅವರ ಪ್ರಶ್ನೆ. ಡಿಶ್ಶಿಗೊಂದು ಅಳತೆ, ಕಂಪ್ಯೂಟರಿಗೊಂದು ಅಳತೆ ಇಡಬಹುದೇ ಎಂದು ಈರಣ್ಣ ಪರೀಕ್ಷಿಸಿದ. ನಮ್ಮ ಹಳೆಯ ಟೀವಿ ಒಂದು ಸಲ ಹೂಂ ಎಂದ ಮೇಲೆ ಮಾತು ಬದಲಿಸುವ ಜಾತಿಯದ್ದಲ್ಲ. ದೇವರೋ ಎತ್ತೋ ಎಂಬಲ್ಲಿಗೆ ಬಂದು ನಿಂತಿತು. ಎಲ್ಲರೂ ಅಣ್ಣನ ಮುಖ ನೋಡಿದೆವು.

"ಅವಳ್ದು ಅವಳಿಗೆ ಬಿಡ್ರಪ್ಪ" ಎಂದ ಅಣ್ಣ. "ಅಂಕೀನೇ ಈಚೀಚೆಗೆ ಕಟ್ಟಾಕಕ್ಕೆ ಬರಾಕಿಲ್ವಾ?"

ಬರುತ್ತಿತ್ತು. ಪದರವನ್ನು ಎಲ್ಲಿ ಬೇಕಾದರೂ ಎಳೆದು ನಿಲ್ಲಿಸಬಹುದೆಂದು ಚೈತ್ರಳಿಗೆ ಗೊತ್ತೇ ಇತ್ತು. ಕಳೆದುಹೋದದ್ದನ್ನು ಹುಡುಕುವ ಭರದಲ್ಲಿ, ಇದ್ದದ್ದನ್ನು ಸರಿಸುವುದು ಯಾರಿಗೂ ಹೊಳೆದಿರಲಿಲ್ಲ. ಅವಳು ಅಂಕಿಯನ್ನು ಮೂಲೆಯಿಂದ ಒಂದು ಗೇಣು ಒಳಕ್ಕೆ ತಂದು ನಿಲ್ಲಿಸಿದಳು. ಚಿತ್ರ ಮತ್ತೆ ದೊಡ್ಡದಾಯಿತು. ಕೊಲೆ ಸುಲಿಗೆಗಳು ಮೊದಲಿನಂತೆ ಚೌಕಟ್ಟಿನ ಕೆಳಗೆ ಕಾಣದೆ ಓಡುತ್ತಿವೆ.

ಕೃತಜ್ಞತೆಯನ್ನು ಯಾರಿಗೆ ಸಲ್ಲಿಸಬೇಕೆಂಬುದು ಸುಲಭವಾಗಿ ಬಗೆಹರಿಯುವ ವಿಷಯವಲ್ಲ. ಸ್ಟಿಯರಿಂಗ್ ತಂದು ಕೊಟ್ಟವನೂ ಈರಣ್ಣ, ಅಂಕಿಯನ್ನು ಗಡಿಪಾರು ಮಾಡಿದವನೂ ಅವನೇ. ಎರಡನ್ನೂ ಕೇಳಿದವರಿಗೆ ಇಲ್ಲವೆನ್ನಲಾರದೆ ಮಾಡಿದವನು. ಅವನಿಗೆ ಪ್ರತಿ ಭಾನುವಾರ ಕೆಳಗಿನ ಮನೆಯಲ್ಲೇ ಊಟವೆಂದು ಅತ್ತಿಗೆ ವಿಧಿಸಿದ್ದಾರೆ, ಅದು ಶಿಕ್ಷೆಯೋ ಸನ್ಮಾನವೋ ಅವನು ವಿಚಾರಿಸಿಲ್ಲ. ಚೈತ್ರ ಇನ್ನೂ ಬೆಳಗಿನ ಹೊತ್ತು ಲ್ಯಾಪ್‌ಟಾಪಿನಲ್ಲೇ ತಿಣುಕುತ್ತಾಳೆ. ಮಧ್ಯಾಹ್ನ ಯಂತ್ರವನ್ನು ತನ್ನ ಕೋಣೆಗೆ ಒಯ್ಯುವ ಮೊದಲು, ದೊಡ್ಡಪ್ಪನಿಗೆ ಕಾಣುವಂತೆ, ಅದರ ಪಕ್ಕಕ್ಕೆ ಒಮ್ಮೆ ಅಂಗೈ ಇಟ್ಟು ನೋಡುತ್ತಾಳೆ. ಅವಳಿಗೆ ಅದನ್ನು ಯಾರೂ ಹೇಳಿಕೊಟ್ಟಿದ್ದಲ್ಲ. ಅದನ್ನು ನೋಡಿದಾಗಲೆಲ್ಲ ನಾನು ಪತ್ರಿಕೆಯನ್ನು ಮುಖಕ್ಕೆ ಇನ್ನಷ್ಟು ಹತ್ತಿರ ಹಿಡಿದುಕೊಳ್ಳುತ್ತೇನೆ.

ಜೋಳದ ಮೊದಲ ಬೆಳೆ ಬಂದಿದೆ. ಅಣ್ಣ ಈಗ ಅಂಗಿಯ ಗುಂಡಿಗಳನ್ನು ಬಲಗೈಯಿಂದ ತಾನೇ ಹಾಕಿಕೊಳ್ಳುತ್ತಾನೆ. ಕತ್ತಿನ ಗುಂಡಿಯೊಂದನ್ನು ಅತ್ತಿಗೆ ಹಾಕುತ್ತಾರೆ.